ಹೆಣದ ಹೆಸರು

ಶುಕ್ರವಾರ ಬೆಳಿಗ್ಗೆ ಆಸ್ವಾಲ್ಡ್ ಬಚ್ಚಲಿನ ಕನ್ನಡಿಯೆದುರು ನಿಂತು ಕಣ್ಣು ಮುಚ್ಚಿಕೊಂಡ. ಮುಚ್ಚಿದ ಮೇಲೆ ತಾನು ಹೇಗೆ ಕಾಣುತ್ತೇನೆಂದು ಅವನಿಗೆ ನೋಡಬೇಕಿತ್ತು. ಕಣ್ಣು ಮುಚ್ಚಿದವನಿಗೆ ಕನ್ನಡಿಯಿಂದ ಯಾವ ಉಪಕಾರವೂ ಇಲ್ಲವೆಂದು ಹೊಳೆಯಲು ಸ್ವಲ್ಪ ಹೊತ್ತು ಹಿಡಿಯಿತು. ಒಂದು ಕಣ್ಣನ್ನು ಕೂದಲೆಳೆಯಷ್ಟು ತೆರೆದು ನೋಡಿದ. ಕಂಡದ್ದು ಹೆಣವಲ್ಲ; ಗಲ್ಲದ ಮೇಲೆ ಸಾಬೂನಿನ ನೊರೆ ಒಣಗಿಸಿಕೊಂಡು ಕದ್ದು ನೋಡುತ್ತಿರುವ ಒಬ್ಬ ನಡುವಯಸ್ಸಿನ ಗಂಡಸು. ನಾಲ್ಕು ವರ್ಷದ ಹಿಂದೆ ಅಬುಧಾಬಿಯ ಹೋಟೆಲೊಂದರ ಅಡುಗೆಮನೆಯ ನೆಲದಲ್ಲಿ, ಶೂಟಿಂಗೊಂದರ ಹೆಣವಾಗಿ, ನಟಿ ಉರ್ಸುಲಾಳ ತೊಡೆಯ ಮೇಲೆ ತಲೆಯಿಟ್ಟು ಮಲಗಿದ್ದ ಮುಖ ಇದೇನಾ, ಅಥವಾ ಅದು ಇನ್ನೂ ಸ್ವಲ್ಪ ತೆಳ್ಳಗಿತ್ತೇ? ಆ ಹೆಣಕ್ಕೆ ಮೀಸೆ ಇತ್ತು. ಆಮೇಲೆ ಮಗಳು ಮೆಲಿಸ್ಸಾ ಅದು ಹಳೇಕಾಲದ್ದೆಂದು ಇಂಗ್ಲಿಷಿನಲ್ಲಿ ತೀರ್ಪು ಕೊಟ್ಟದ್ದರಿಂದ ಬೋಳಿಸಿದ್ದ. ಗುರುತು ಸಿಗಲಿ ಎಂದು ಈಚೆಗೆ ಮತ್ತೆ ಬೆಳೆಸಿದರೆ ಬಂದದ್ದರಲ್ಲಿ ಅರ್ಧ ಬಿಳಿ. ಬಣ್ಣ ಹಚ್ಚಿದ್ದ. ಬಣ್ಣ ಮೀಸೆಗಿಂತ ಹೆಚ್ಚಾಗಿ ಮೇಲ್ದುಟಿಗೆ ಹಿಡಿದಿತ್ತು.

ಸಂಜೆ ಕೊಲ್ಲಿ ನಾಡಿನ ಕನ್ನಡ ಬಳಗದ ರಾಜ್ಯೋತ್ಸವ. ಮುಖ್ಯ ಅತಿಥಿ ಉರ್ಸುಲಾ ಹಾಲ್‌ಡೋರ್ಫ್, ಜರ್ಮನಿಯ ಸಿನಿಮಾ ಮತ್ತು ಟೀವಿ ನಟಿ. ಆಕೆ ಆಸ್ವಾಲ್ಡನ ಮುಖ ನೋಡಿ ಓಹೋ ನೀನಾ ಎಂದರೆ ಅವನು ಗೆದ್ದ. ಯಾರಿವನು ಎಂಬಂತೆ ನೋಡಿದರೆ ಮುಗಿಯಿತು. ಒಂದು ವರ್ಷದಿಂದ ಬಳಗದಲ್ಲಿ ಅವನು ಹೊದ್ದು ತಿರುಗಿದ ನಟನೆಂಬ ಶಾಲು ಎಲ್ಲರೆದುರು ಜಾರಿ ಬೀಳುತ್ತದೆ. ಹಾಗಂತ ಅವನು ಸುಳ್ಳು ಹೇಳಿದ್ದನೇ? ಇಲ್ಲ. ಕಳೆದ ಚಳಿಗಾಲದಲ್ಲಿ ಬಳಗದ ಪಿಕ್ನಿಕ್ಕಿಗೆ ಹೊರಟ ಬಸ್ಸು ಶೇಖ್ ಝಾಯೆದ್ ರಸ್ತೆಯ ದಟ್ಟಣೆಯಲ್ಲಿ ನಿಂತಾಗ ಕಿಟಕಿಯಾಚೆ ಮೊಣಕಾಲು ನೋವಿನ ಕ್ಲಿನಿಕ್ಕೊಂದರ ದೊಡ್ಡ ಜಾಹೀರಾತು ಕಂಡಿತ್ತು. ಬಿಳಿ ಪ್ಯಾಂಟು ತೊಟ್ಟ ಹಿರಿಯ ಹೆಂಗಸೊಬ್ಬಳು ಸಮುದ್ರತೀರದಲ್ಲಿ ಓಡುತ್ತಿದ್ದಾಳೆ. ಯಾರೋ ಸಿನಿಮಾದವಳಂತೆ ಎಂದರು. ಬಸ್ಸಿನಲ್ಲಿ ಅದುವರೆಗೂ ಯಾರೂ ಆಸ್ವಾಲ್ಡನನ್ನು ಮಾತಾಡಿಸಿರಲಿಲ್ಲ. ಮೊಸರವಲಕ್ಕಿಯ ಪಾತ್ರೆ ತೊಡೆಯ ಮೇಲಿಟ್ಟುಕೊಂಡು ಹಿಂದಿನ ಸೀಟಿನಲ್ಲಿ ಕೂತಿದ್ದ. "ನಾನು ಇವರ ತೊಡೆ ಮೇಲೆ ಸತ್ತಿದ್ದೇನೆ," ಎಂದುಬಿಟ್ಟ. ಇಡೀ ಬಸ್ಸು ಕತ್ತು ತಿರುಗಿಸಿತು. ಅದು ನಿಜವೇ ಆಗಿತ್ತು. ಮಿಕ್ಕದ್ದನ್ನು ಬಸ್ಸೇ ಕಟ್ಟಿಕೊಂಡಿತು. ಪಾರ್ಕು ತಲುಪುವಷ್ಟರಲ್ಲಿ ಅವನು ಆ ಚಿತ್ರದ ಎರಡನೆಯ ನಾಯಕ. ಪಿಕ್ನಿಕ್ ಮುಗಿಯುವಷ್ಟರಲ್ಲಿ ಮದುವೆ ಮಕ್ಕಳಿಲ್ಲದಿದ್ದರೆ ಯುರೋಪಿಗೇ ಹೋಗಬೇಕಿದ್ದವನು. ಅವನು ಬೇಡವೆನ್ನಲಿಲ್ಲ. ಮೊಸರವಲಕ್ಕಿಯನ್ನು ಯಾರೋ ಅವನ ಕೈಯಿಂದ ಗೌರವದಿಂದ ತೆಗೆದುಕೊಂಡು ಹೋದರು.

ಹಾಲಿನಲ್ಲಿ ಹೆಂಡತಿ ಮಗ್ದಲೀನ್ ಹಳೆಯ ಪೇಪರು ಹಾಸಿಕೊಂಡು ಅವನ ಕಪ್ಪು ಶೂಸಿಗೆ ಪಾಲಿಶ್ ಹಾಕುತ್ತಿದ್ದಳು. ಆಸ್ಪತ್ರೆಯಲ್ಲಿ ರಾತ್ರಿ ಪಾಳಿ ಮುಗಿಸಿ ಬಂದು ಇನ್ನೂ ಮಲಗಿರಲಿಲ್ಲ. ಐಸಿಯುವಿನ ನರ್ಸು ಅವಳು. ಮನೆಯಲ್ಲಿ ಕೊಂಕಣಿ ಆಡುವವರು, ಆದರೆ ರಾಜ್ಯೋತ್ಸವದ ವಾರ ಮಾತ್ರ ನಾಲಿಗೆ ಪಳಗಲೆಂದು ಕನ್ನಡವೇ ಆಡಬೇಕೆಂಬುದು ಆಸ್ವಾಲ್ಡನ ಕಟ್ಟಳೆ. ಆ ವಾರ ಡಿಸ್ಕವರಿ ಗಾರ್ಡನ್ಸಿನ ಆ ಚಿಕ್ಕ ಫ್ಲಾಟಿನಲ್ಲಿ ಮಾತೇ ಕಡಿಮೆಯಾಗುತ್ತಿತ್ತು. ಅವನು ಮೆಲ್ಲಗೆ ಅವಳೆದುರು ಕುಳಿತು ಕಣ್ಣು ಮುಚ್ಚಿ, ಹೀಗೆ ನೋಡಿದರೆ ತನ್ನ ಗುರುತು ಸಿಗುತ್ತದೆಯೇ ಎಂದು ಕೇಳಿದ. ಅವಳು ಬ್ರಶ್ಶು ನಿಲ್ಲಿಸಲಿಲ್ಲ.

"ಕಣ್ಣು ಮುಚ್ಚಿದ ಮೇಲೆ ಎಲ್ಲರೂ ಒಂದೇ ತರ ಕಾಣುವುದು. ಹಾಗಾಗಿಯೇ ಅಲ್ವಾ ನಾವು ಕಾಲಿನ ಬೆರಳಿಗೆ ಹೆಸರು ಕಟ್ಟುವುದು," ಎಂದಳು. ಶೂಸನ್ನು ಮಗುಚಿ ಹಿಡಿದು, "ಈ ಶೂಸ್ ಒಮ್ಮೆ ಬಿಸಾಡಿ ನೀವು. ಹಿಮ್ಮಡಿ ನೋಡಿ," ಎಂದಳು.

ಎಡಗಾಲಿನ ಶೂಸಿನ ಹಿಮ್ಮಡಿ ಕಂದು ಬಣ್ಣದ್ದು. ಅಬುಧಾಬಿಯ ಹೋಟೆಲಿನಲ್ಲಿ ಕೆಲಸಕ್ಕಿದ್ದಾಗ ಒಮ್ಮೆ ರಜೆಗೆ ಬಂದ ಅವನ ಶೂಸನ್ನು ಮಗ್ದಲೀನಳೇ ದೇರಾದ ಗಲ್ಲಿಯ ಚಮ್ಮಾರನಲ್ಲಿಗೆ ಒಯ್ದಿದ್ದಳು. ಅವನಲ್ಲಿ ಕಪ್ಪು ರಬ್ಬರು ಮುಗಿದಿತ್ತು, ಇದ್ದದ್ದನ್ನು ಅಂಟಿಸಿ ಮೊಳೆ ಹೊಡೆದ. ಅಡಿಯನ್ನು ಯಾರು ನೋಡುತ್ತಾರೆ ಎಂದು ಅವಳೇ ಹೇಳಿದ್ದಳು. ಅಡಿಯನ್ನು ಒಂದು ದೇಶವೇ ನೋಡಿತ್ತು, ಅವಳಿಗೆ ಗೊತ್ತಿರಲಿಲ್ಲ. ಸಮಾರಂಭಗಳಿಗೆಲ್ಲ ಆಸ್ವಾಲ್ಡ್ ಇವನ್ನೇ ಹಾಕುತ್ತಿದ್ದ. ಯಾಕೆಂದು ಅವಳು ಕೇಳಿದರೆ ಕಾಲಿಗೆ ಒಗ್ಗಿದೆ ಎನ್ನುತ್ತಿದ್ದ. ಅವಳ ಮುಖದಲ್ಲಿ ಯಾವತ್ತೂ ಒಂದು ನಿರ್ಲಿಪ್ತತೆ. ಮದುವೆಯಾಗಿ ಇಷ್ಟು ವರ್ಷಗಳಲ್ಲಿ ಅವಳು ಅತ್ತದ್ದನ್ನು ಅವನು ಕಂಡಿಲ್ಲ. ಅವಳ ತಂದೆ ತೀರಿಕೊಂಡಾಗಲೂ ಟಿಕೆಟಿನ ವ್ಯವಸ್ಥೆ ಮಾಡಿ, ಸೂಟ್‌ಕೇಸು ಕಟ್ಟಿ, ಮೆಲಿಸ್ಸಾಳ ಶಾಲೆಗೆ ಹೇಳಿ ಹೊರಟಿದ್ದಳು. ಸತ್ತವರಿಗೆಲ್ಲ ಅಳುತ್ತ ಕೂತರೆ ಡ್ಯೂಟಿ ಮಾಡುವವರು ಯಾರು ಎಂಬುದು ಅವಳ ಮಾತು. ಆ ಅಡುಗೆಮನೆಯ ನೆಲದ ಮೇಲೆ ಮಲಗಿ ಅಪರಿಚಿತ ಹೆಂಗಸಿನ ಬಿಸಿ ಕಣ್ಣೀರು ಕೆನ್ನೆಗೆ ಬಿದ್ದಾಗ ಆಸ್ವಾಲ್ಡನಿಗೆ ಮೊದಲು ಅನ್ನಿಸಿದ್ದು, ಇವಳು ಎಷ್ಟು ಚೆನ್ನಾಗಿ ಅಳುತ್ತಾಳೆ, ನನಗಾಗಿ ಯಾರೂ ಇಷ್ಟು ಅತ್ತಿಲ್ಲ ಎಂದು. ಅದನ್ನು ಮಾತ್ರ ಅವನು ಬಸ್ಸಿನಲ್ಲೂ ಹೇಳಿರಲಿಲ್ಲ.

ಫೋನು ಗುಂಯ್‌ಗುಟ್ಟಿತು. ಬಳಗದ ಅಧ್ಯಕ್ಷ ಚಾಮರಾಜರ ಸಂದೇಶ. ಚಾಮರಾಜರು ಮೈಸೂರಿನವರು, ಸಿಲಿಕಾನ್ ಓಯಸಿಸ್ಸಿನಲ್ಲಿ ಸಾಫ್ಟ್‌ವೇರಿನ ದೊಡ್ಡ ಹುದ್ದೆಯವರು. ಆ ಮೊಣಕಾಲಿನ ಕ್ಲಿನಿಕ್ಕಿಗೆ ಏನೋ ತಂತ್ರಾಂಶ ಮಾಡಿಕೊಟ್ಟ ಸಲಿಗೆಯಿಂದ ಉರ್ಸುಲಾಳನ್ನು ಒಪ್ಪಿಸಿದವರು ಅವರೇ. ಅವರಲ್ಲಿ ಒಂದು ಪದ್ಧತಿಯಿತ್ತು. ಬಳಗದ ಯಾರಿಗೆ ಏನೇ ಗೌರವ ಸಿಗಲಿ, ಚಪ್ಪಾಳೆ ಬಿದ್ದೊಡನೆ ಎದ್ದುನಿಂತು ಎದೆಗೆ ಕೈಯಿಟ್ಟು ಸಭೆಗೆ ತಲೆಬಾಗುತ್ತಿದ್ದವರು ಅಧ್ಯಕ್ಷರು. ಮೆಲಿಸ್ಸಾ ಒಂಟೆಯ ಚಿತ್ರ ಬರೆದು ಬಹುಮಾನ ಪಡೆದಾಗಲೂ ಅವರೇ ತಲೆಬಾಗಿದರು. ಯಾರದೋ ಹೆಂಡತಿಗೆ ಅವಳಿ ಮಕ್ಕಳಾದ ಸುದ್ದಿಯನ್ನು ವೇದಿಕೆಯಲ್ಲಿ ಓದಿದಾಗಲೂ ಚಪ್ಪಾಳೆಗೆ ಅವರೇ ಎದ್ದರು, ಅದರ ಬಗ್ಗೆ ಮಾತ್ರ ಹೆಂಗಸರು ಸ್ವಲ್ಪ ದಿನ ನಕ್ಕರು. ಅವರ ಇನ್ನೊಂದು ಕಟ್ಟಳೆ, ರಾಜ್ಯೋತ್ಸವದ ವೇದಿಕೆಯಲ್ಲಿ ಯಾರು ಇಂಗ್ಲಿಷಿನಲ್ಲಿ ಏನೇ ನುಡಿದರೂ ತಕ್ಷಣ ಅದನ್ನು ಕನ್ನಡದಲ್ಲಿ ಹೇಳಬೇಕು. ಸಭೆಯಲ್ಲಿ ಇಂಗ್ಲಿಷ್ ಬಾರದವರು ಒಬ್ಬರೂ ಇರಲಿಲ್ಲ. ಕನ್ನಡ ಪೂರ್ತಿ ಅರ್ಥವಾಗದ ಮಕ್ಕಳು ಬೇಕಾದಷ್ಟಿದ್ದರು. ಆದರೂ ಎಲ್ಲರೂ ಒಂದೊಂದು ಮಾತನ್ನೂ ಎರಡೆರಡು ಸಲ ಕೇಳಿ, ಎರಡನೆಯ ಸಲ ಹೊಸದಾಗಿ ತಿಳಿದವರಂತೆ ತಲೆದೂಗುತ್ತಿದ್ದರು. ಇವತ್ತು ಪರಿಚಯವೂ ಅನುವಾದವೂ ಆಸ್ವಾಲ್ಡನ ಹೊಣೆ. ಸಹನಟ ಅಲ್ಲವೇ.

ಸಂದೇಶವನ್ನು ಅವನು ಎರಡು ಸಲ ಓದಿದ. ಚಾಮರಾಜರ ಮಗ ಅಂತರ್ಜಾಲದಲ್ಲಿ ಆ ಟೀವಿ ಚಿತ್ರವನ್ನು ಹುಡುಕಿ, ಉರ್ಸುಲಾ ಸತ್ತವನ ಮೇಲೆ ಬಿದ್ದು ಅಳುವ ಭಾಗವನ್ನು ಕತ್ತರಿಸಿಟ್ಟಿದ್ದಾನಂತೆ. ಸಂಜೆ ಪರಿಚಯ ಮುಗಿದೊಡನೆ ದೊಡ್ಡ ಪರದೆಯ ಮೇಲೆ ತೋರಿಸುತ್ತಾರಂತೆ. ತಕ್ಷಣ ಫೋನು ಮಾಡಿದ. ಚಾಮರಾಜರು ಶೇವಿಂಗ್ ಮಾಡುತ್ತಿರಬೇಕು, ಮಾತು ಒಂದೇ ಕೆನ್ನೆಯಿಂದ ಬರುತ್ತಿತ್ತು. "ನಾನಂತೂ ಇನ್ನೂ ನೋಡಿಲ್ಲ ಆಸ್ವಾಲ್ಡ್ ಅವರೇ. ಎಲ್ಲರ ಜತೇಲೇ ನೋಡ್ತೀನಿ. ನೀವು ಸುಮ್ನಿದ್ಬಿಡಿ, ಸಂಕೋಚ ಎಲ್ಲಾ ಬೇಡ," ಎಂದರು. ಸಂಕೋಚವಲ್ಲ ಸರ್ ಎಂದು ಶುರುಮಾಡಿದವನು ಮುಂದೆ ಏನೆನ್ನಬೇಕೆಂದು ತಿಳಿಯದೆ, ಆಗಲಿ ಸರ್ ಎಂದ. ಅವನ ಬಾಯಿಗೆ ಜೀವನವಿಡೀ ಸಲೀಸಾಗಿ ಬಂದ ಮಾತು ಅದೊಂದೇ.

ಸಂಜೆ ಮೆಟ್ರೋದಲ್ಲಿ ಮೂವರೂ ಒಂದೇ ಸಾಲಿನಲ್ಲಿ ಕುಳಿತರು. ಮೆಲಿಸ್ಸಾ ಕಿವಿಗೆ ವೈರು ಚುಚ್ಚಿಕೊಂಡಿದ್ದಳು, ಮಗ್ದಲೀನ್ ಕುಳಿತಲ್ಲೇ ನಿದ್ದೆಹೋದಳು. ಆಸ್ವಾಲ್ಡ್ ಪರಿಚಯದ ಹಾಳೆ ತೆಗೆದು ಓದಿಕೊಂಡ. ಅವನು ಮೊದಲು ಬರೆದದ್ದು ಬೇರೆ ಇತ್ತು. ಉರ್ಸುಲಾ ಕಟುಕನ ಮಗಳು. ಹದಿನಾರಕ್ಕೆ ಬಾತುಕೋಳಿ ಕಾಯುವ ಹುಡುಗಿಯಾಗಿ ಮೊದಲ ಸಿನಿಮಾ. ಇಪ್ಪತ್ತೈದರ ಹೊತ್ತಿಗೆ ತಲೆ ಬೋಳಿಸಿಕೊಂಡು ಜೈಲಿನ ಹೆಂಗಸಾಗಿ, ಒಂದೂ ಮಾತಿಲ್ಲದೆ ಕ್ಯಾಮರಾದೆದುರು ಅತ್ತು ದೊಡ್ಡ ಪ್ರಶಸ್ತಿ ಪಡೆದಳು. ಪಡೆದ ಮೇಲೆ ಅಂಥ ಪಾತ್ರ ಅವಳಿಗೆ ಯಾರೂ ಕೊಡಲಿಲ್ಲ. ಟೀವಿಗೆ ಹೋದಳು. ಬೆಟ್ಟದೂರಿನ ಪಶುವೈದ್ಯೆಯಾಗಿ ವರ್ಷಗಟ್ಟಲೆ ಪ್ರತಿ ಭಾನುವಾರ ಸಂಜೆ ಹಸುಗಳಿಗೆ ಹೆರಿಗೆ ಮಾಡಿಸಿದಳು, ಇಡೀ ದೇಶದ ಅಜ್ಜ ಅಜ್ಜಿಯರು ಕಾಫಿ ಕುಡಿಯುತ್ತ ನೋಡಿದರು. ವಯಸ್ಸಾದಾಗ ಅವಳನ್ನು ಪಶುವೈದ್ಯೆಯ ತಾಯಿಯನ್ನಾಗಿ ಮಾಡಿ ಬೇರೊಬ್ಬ ಹುಡುಗಿಯನ್ನು ತಂದರು. ತಾಯಿಯನ್ನೂ ಸಾಯಿಸಿದ ಮೇಲೆ ಉಳಿದದ್ದು ಪತ್ತೇದಾರಿ ಚಿತ್ರಗಳಲ್ಲಿ ಮೊದಲು ಹೆಣ ಕಂಡು ಕಿರುಚುವ ಕೆಲಸ. ಈಗ ಮೊಣಕಾಲು. ಬರೆದದ್ದನ್ನು ಆಸ್ವಾಲ್ಡ್ ಅಧ್ಯಕ್ಷರಿಗೆ ತೋರಿಸಿದ. ಚಾಮರಾಜರು ಪೆನ್ನು ಹಿಡಿದು ಕುಳಿತರು. ಕಟುಕನ ಮಗಳು ಹೋಗಿ ಸಾಂಪ್ರದಾಯಿಕ ಕುಟುಂಬ ಬಂತು. ಬಾತುಕೋಳಿಯ ಜಾಗದಲ್ಲಿ ಗ್ರಾಮೀಣ ಬದುಕಿನ ಚಿತ್ರಣ. ಶುಭಕಾರ್ಯದಲ್ಲಿ ಬೋಳುತಲೆ ಯಾಕೆ ಎಂದು ಪ್ರಶಸ್ತಿಯೂ ಹೋಯಿತು. ಹಸುವಿನ ಹೆರಿಗೆ ಗೋಸೇವೆಯಾಯಿತು. ಎರಡು ವಿಚ್ಛೇದನಗಳು ಹೇಳಹೆಸರಿಲ್ಲದಂತೆ ಮಾಯವಾಗಿ, ಆಕೆಗೆ ಯೋಗದಲ್ಲಿ ಆಸಕ್ತಿಯಿರುವುದು ಗೊತ್ತಾಯಿತು. ಕೊನೆಗೆ ಉಳಿದ ಹೆಂಗಸು ಯಾರೆಂದು ಆಸ್ವಾಲ್ಡನಿಗೂ ಗುರುತು ಹತ್ತಲಿಲ್ಲ.

ಆ ಚಿತ್ರದವರು ಅವನನ್ನೂ ಹಾಗೆಯೇ ಕತ್ತರಿಸಿದ್ದರು. ಅಬುಧಾಬಿಯಲ್ಲಿ ಆಗ ಅವನು ಬ್ಯಾಂಕ್ವೆಟ್ ವೇಟರು. ಜರ್ಮನಿಯ ತಂಡ ಬಂದು ಹೋಟೆಲಿನ ಹಿಂದಿನ ಅಡುಗೆಮನೆಯಲ್ಲಿ ಶೂಟಿಂಗ್ ಹೂಡಿತ್ತು. ನಾಯಕಿಗೆಂದು ಬೆರೆಸಿದ ವಿಷದ ಚಹಾವನ್ನು ಅರಿಯದೆ ಕುಡಿದು ಸಾಯುವ ವೇಟರನ ಪಾತ್ರಕ್ಕೆ ಕರೆಸಿದ ಹುಡುಗನಿಗೆ ಗೇಟಿನ ಪಾಸು ಸಿಗಲಿಲ್ಲ. ಸಹಾಯಕ ನಿರ್ದೇಶಕ ಸಾಲಾಗಿ ನಿಂತ ವೇಟರುಗಳ ಮುಖ ನೋಡುತ್ತ ಬಂದು ಆಸ್ವಾಲ್ಡನೆದುರು ನಿಂತ. ಇವನು ಆಗಲೇ ಅರ್ಧ ಸತ್ತ ಹಾಗಿದ್ದಾನೆ, ಮೇಕಪ್ಪು ಬೇಡ ಎಂದ. ಎಲ್ಲರೂ ನಕ್ಕರು. ಆಸ್ವಾಲ್ಡನೂ ನಕ್ಕ, ಅತಿಥಿಗಳು ನಕ್ಕಾಗ ಮುಗುಳ್ನಗಬೇಕೆಂದು ತರಬೇತಿಯಲ್ಲಿ ಕಲಿಸಿದ್ದರು. ಚಹಾ ಕುಡಿಯುವ ದೃಶ್ಯ ಅವನಿಗಿರಲಿಲ್ಲ, ಸತ್ತ ಮೇಲಿನದು ಮಾತ್ರ. ಕಣ್ಣು ಮುಚ್ಚು, ಉಸಿರು ಹೊಟ್ಟೆಯಲ್ಲಿರಲಿ, ಏನಾದರೂ ಏಳಬೇಡ ಎಂದರು. ಉರ್ಸುಲಾ ಬಂದು ಅವನ ತಲೆಯನ್ನೆತ್ತಿ ತೊಡೆಯ ಮೇಲಿಟ್ಟುಕೊಂಡು ಅತ್ತಳು. ಬೆಳಕು ಸರಿಯಿಲ್ಲವೆಂದರು, ಮತ್ತೆ ಅತ್ತಳು. ಯಾರದೋ ನೆರಳು ಬಿತ್ತೆಂದರು, ಮತ್ತೆ ಅತ್ತಳು. ಪ್ರತಿಸಲವೂ ಹೊಸದಾಗಿ, ಬುಡದಿಂದ. ನಡುವೆ ಬಿಡುವಿನಲ್ಲಿ ತಲೆಗೆ ನೆಲ ತಗುಲದ ಹಾಗೆ ತನ್ನ ಅಂಗೈಯನ್ನೇ ಕೆಳಗಿಟ್ಟಿದ್ದಳು. ಮೀನಿನ ವಾಸನೆಯ ತಣ್ಣನೆಯ ನೆಲ, ಅದರ ಮೇಲೊಂದು ಬೆಚ್ಚನೆಯ ಅಂಗೈ. ಆಗ ಆಕೆ ಬಗ್ಗಿ ಕಿವಿಯ ಹತ್ತಿರ ಇಂಗ್ಲಿಷಿನಲ್ಲಿ ಕೇಳಿದಳು, ನಿನ್ನ ಹೆಸರೇನು ಎಂದು. ಕ್ಯಾಮರಾ ಓಡುತ್ತಿದೆಯೋ ನಿಂತಿದೆಯೋ ಕಣ್ಣು ಮುಚ್ಚಿದವನಿಗೆ ಗೊತ್ತಿರಲಿಲ್ಲ. ಹೆಣ ಮಾತಾಡಿದರೆ ಅಷ್ಟೂ ಅಳು ಹಾಳಾಗುತ್ತದೆ. ಅವನು ಉತ್ತರಿಸಲಿಲ್ಲ. ಆಕೆ ಸ್ವಲ್ಪ ಕಾದಳು, ಮೆಲ್ಲಗೆ ನಕ್ಕಳು. ಅಷ್ಟರಲ್ಲಿ ಯಾರೋ ಯಲ್ಲಾ, ಶುರುಮಾಡಿ ಎಂದು ಕೂಗಿದರು, ಮತ್ತೆ ಅಳು ಶುರುವಾಯಿತು. ಮುಗಿದ ಮೇಲೆ ಅವನು ಎದ್ದು ಕಣ್ಣುಜ್ಜಿಕೊಳ್ಳುವಷ್ಟರಲ್ಲಿ ಆಕೆಗೆ ಯಾರೋ ಶಾಲು ಹೊದಿಸಿ ಕರೆದೊಯ್ಯುತ್ತಿದ್ದರು. ಅವನ ತೆರೆದ ಕಣ್ಣನ್ನು ಆಕೆ ನೋಡಲೇ ಇಲ್ಲ.

ಆ ಚಿತ್ರ ಪ್ರಸಾರವಾದ ಮೇಲೆ ಒಬ್ಬನೇ ಕುಳಿತು ಕಂಪ್ಯೂಟರಿನಲ್ಲಿ ನೋಡಿದ್ದ. ಕ್ಯಾಮರಾ ಅವನ ಪಾದದ ಬದಿಯಲ್ಲಿತ್ತು. ಪರದೆಯ ಮುಂಭಾಗದಲ್ಲಿ ದೊಡ್ಡದಾಗಿ ಎರಡು ಶೂಸಿನ ಅಟ್ಟೆಗಳು, ಅವುಗಳ ನಡುವಿನಿಂದ ದೂರದಲ್ಲಿ ಉರ್ಸುಲಾಳ ಅಳುವ ಮುಖ. ಅವನ ತಲೆ ಆಕೆಯ ತೋಳಿನ ಮರೆಯಲ್ಲಿ. ಒಂದು ಕಪ್ಪು ಹಿಮ್ಮಡಿ, ಒಂದು ಕಂದು. ಮಗ್ದಲೀನ್ ಕೇಳಿದಾಗ ಲಿಂಕು ಕೆಲಸ ಮಾಡುತ್ತಿಲ್ಲ ಎಂದಿದ್ದ.

ಶಾಲೆಯೊಂದರ ಸಭಾಂಗಣದ ಬಾಗಿಲಲ್ಲಿ ರಂಗೋಲಿ, ಬಾಳೆಕಂದಿನ ಬದಲು ಪ್ಲಾಸ್ಟಿಕ್ಕಿನ ಬಾಳೆ. ಬರುವ ತಿಂಗಳ ಇಲ್ಲಿನ ರಾಷ್ಟ್ರೀಯ ದಿನಕ್ಕೆ ಶಾಲೆಯವರು ಕಟ್ಟಿದ ಬಾವುಟಗಳ ನಡುವೆಯೇ ಹಳದಿ ಕೆಂಪು ಬಾವುಟಗಳಿಗೂ ಜಾಗ ಮಾಡಿದ್ದರು. ಚಾಮರಾಜರ ಕಾರಿನಿಂದ ಉರ್ಸುಲಾ ಇಳಿದಳು. ಜಾಹೀರಾತಿನಲ್ಲಿ ಓಡುತ್ತಿದ್ದವಳು ಒಂದು ಮೊಣಕಾಲನ್ನು ಎಳೆದು ಹಾಕುತ್ತಿದ್ದಳು. ಹೂಗುಚ್ಛ ಕೊಡುವುದು ಆಸ್ವಾಲ್ಡನ ಪಾಲಿಗೆ ಬಂದಿತ್ತು, ಬರುವಂತೆ ನೋಡಿಕೊಂಡಿದ್ದ. ಅವನು ಎದುರು ನಿಂತ. ಆಕೆಯ ಕಣ್ಣು ಅವನ ಮುಖದ ಮೇಲೆ ಹಾಯಿತು, ಮುಗುಳ್ನಗೆ ಸಿದ್ಧವಾಗಿತ್ತು, ಅದು ಎಲ್ಲರಿಗೂ ಇದ್ದ ಮುಗುಳ್ನಗೆ. ಇದೇ ಸಮಯ ಎಂದು ಅವನಿಗನ್ನಿಸಿತು. ಹೂಗುಚ್ಛವನ್ನು ಚಾಚಿದ ಕೈ ಹಾಗೆಯೇ ಇರಲು, ತಲೆಯನ್ನು ತುಸು ಎಡಕ್ಕೆ ವಾಲಿಸಿ, ಕಣ್ಣು ಮುಚ್ಚಿ, ಉಸಿರನ್ನು ಹೊಟ್ಟೆಯಲ್ಲಿ ಹಿಡಿದ. ಮತ್ತೆ ಉರ್ಸುಲಾಳ ದನಿ ಕೇಳಿಸಿತು. ಈ ಮನುಷ್ಯನಿಗೆ ಹುಷಾರಿಲ್ಲವೇ, ಕುರ್ಚಿ ಕೊಡಿ ಎಂದು ಯಾರಿಗೋ ಹೇಳುತ್ತಿದ್ದಳು. ಕಣ್ಣು ಬಿಟ್ಟಾಗ ಕಾರ್ಯಕ್ರಮ ನಿರೂಪಿಸಬೇಕಿದ್ದ ಸಕೀನ ಟೀಚರು ಅವನ ಮೊಣಕೈ ಹಿಡಿದಿದ್ದರು. "ಎಂತ ಆಯ್ತು ಮಾರಾಯ್ರೆ, ಎಂತಾದ್ರೂ ತಿಂದಿದ್ದೀರಾ?" ಎಂದು ಕೇಳಿದರು. ತಿಂದಿದ್ದೇನೆ ಎಂದ. ಹೂಗುಚ್ಛ ಆಗಲೇ ಚಾಮರಾಜರ ಕೈಯಿಂದ ಉರ್ಸುಲಾಳ ಕೈಗೆ ಹೋಗಿ ಫೋಟೋ ಆಗುತ್ತಿತ್ತು.

ವೇದಿಕೆಯಲ್ಲಿ ದೀಪ ಬೆಳಗಿಸಿ, ನಾಡಗೀತೆ ಹಾಡಿ, ಮಾಲೆ ಹಾಕಿ, ಪೇಟ ತೊಡಿಸಿದರು. ಅತಿಥಿಗೆ ತೊಡಿಸಿದ ಪೇಟ ಕಿವಿಯವರೆಗೆ ಇಳಿಯಿತು; ಚಾಮರಾಜರು ಅಧ್ಯಕ್ಷರಾದ್ದರಿಂದ ತಮಗೂ ಒಂದು ತೊಡಿಸಿಕೊಂಡರು. ಆಸ್ವಾಲ್ಡ್ ಪರಿಚಯ ಓದಿದ. ಗೋಸೇವೆ ಎಂದಾಗ ಚಪ್ಪಾಳೆ ಬಿತ್ತು. ಯೋಗ ಎಂದಾಗ ಇನ್ನೂ ಜೋರಾಗಿ ಬಿತ್ತು. ಉರ್ಸುಲಾ ಪ್ರತಿ ಚಪ್ಪಾಳೆಗೂ ಬೆಚ್ಚಿ, ತನ್ನ ಬಗ್ಗೆಯೇ ಇರಬೇಕೆಂದು ಅಂದಾಜು ಮಾಡಿ ಕೈಮುಗಿಯುತ್ತಿದ್ದಳು. ತನ್ನ ಬಗ್ಗೆ ಅದರಲ್ಲಿ ಏನೂ ಇರಲಿಲ್ಲವೆಂದು ಆಕೆಗೆ ತಿಳಿಯದೆ ಹೋದದ್ದು ಒಳ್ಳೆಯದೇ ಆಯಿತು ಎಂದುಕೊಂಡ. ಹಾಳೆಯ ಕೊನೆಯ ಸಾಲು ಚಾಮರಾಜರದು. ನಮ್ಮ ಬಳಗದ ಹೆಮ್ಮೆಯ ಸದಸ್ಯರೊಬ್ಬರು ಇವರೊಂದಿಗೆ ತೆರೆ ಹಂಚಿಕೊಂಡಿದ್ದಾರೆ, ಈಗ ನೋಡೋಣ. ಸದಸ್ಯನ ಹೆಸರನ್ನು ಆಸ್ವಾಲ್ಡ್ ಬರೆದಿದ್ದ. ಒಬ್ಬರ ಹೆಸರು ಹೇಳಿದರೆ ಉಳಿದವರಿಗೆ ಬೇಸರವಾಗುತ್ತದೆಂದು ಚಾಮರಾಜರು ಹೊಡೆದುಹಾಕಿದ್ದರು. ದೀಪಗಳು ಆರಿದವು.

ಪರದೆಯ ತುಂಬ ಎರಡು ಅಟ್ಟೆಗಳು ಎದ್ದು ನಿಂತವು. ಕಂಪ್ಯೂಟರಿನಲ್ಲಿ ಅಂಗೈಯಷ್ಟಿದ್ದವು ಇಲ್ಲಿ ಎರಡು ಬಾಗಿಲಿನಷ್ಟು ದೊಡ್ಡವು. ಎಡಗಾಲಿನ ಕಂದು ರಬ್ಬರಿನ ಮೊಳೆಗಳೂ ಕಾಣುತ್ತಿದ್ದವು. ಅವುಗಳ ನಡುವೆ ದೂರದಲ್ಲಿ ಉರ್ಸುಲಾ ಅಳುತ್ತಿದ್ದಳು, ಅಳು ಮಾತ್ರ ಸಭಾಂಗಣದ ಗೋಡೆಗಳಿಗೆಲ್ಲ ಬಡಿಯಿತು. ಜನ ಕಾದರು. ಮುಂದೆ ಮುಖ ಬರುತ್ತದೆಂದು ಕತ್ತುಗಳು ಅತ್ತಿತ್ತ ವಾಲಿದವು, ಶೂಸಿನ ಹಿಂದೆ ಇಣುಕಿ ನೋಡುವವರ ಹಾಗೆ. ಹಿಂದಿನ ಸಾಲಿನಲ್ಲಿ ಯಾರೋ ಕಿಸಕ್ಕನೆ ನಕ್ಕರು. ಆಸ್ವಾಲ್ಡ್ ಮೈಕಿನ ಕಂಬ ಹಿಡಿದು ಕತ್ತಲಲ್ಲಿ ನಿಂತಿದ್ದ. ಮೂರನೆಯ ಸಾಲಿನಲ್ಲಿ ಪರದೆಯ ಬೆಳಕು ಮಗ್ದಲೀನಳ ಮುಖದ ಮೇಲೆ ಬಿದ್ದಿತ್ತು. ಅವಳು ಮೊದಲು ಪರದೆ ನೋಡಿದಳು. ಆಮೇಲೆ ನಿಧಾನವಾಗಿ ತಲೆ ತಿರುಗಿಸಿ ವೇದಿಕೆಯ ಮೇಲೆ ಅವನ ಕಾಲಿನ ಕಡೆ ನೋಡಿದಳು. ಅವನು ಎಡಗಾಲನ್ನು ಬಲಗಾಲಿನ ಹಿಂದಕ್ಕೆ ಎಳೆದುಕೊಂಡ. ಮುಖ ಬರದೆಯೇ ಚಿತ್ರ ಮುಗಿಯಿತು. ದೀಪ ಹತ್ತಿದಾಗ ಸಭೆ ತಬ್ಬಿಬ್ಬಾಗಿತ್ತು. ಸಕೀನ ಟೀಚರು ದಾಕ್ಷಿಣ್ಯಕ್ಕೆ ಚಪ್ಪಾಳೆ ಶುರುಮಾಡಿದರು, ಎಲ್ಲರೂ ತಟ್ಟಿದರು. ಚಪ್ಪಾಳೆ ಕೇಳಿದ್ದೇ ಚಾಮರಾಜರು ಎದ್ದುನಿಂತು, ಪೇಟ ಸರಿಪಡಿಸಿಕೊಂಡು, ಎದೆಗೆ ಕೈಯಿಟ್ಟು ಸಭೆಗೆ ತಲೆಬಾಗಿದರು.

ಆ ಶೂಸಿನವನೇ ಚಪ್ಪಾಳೆಗೆ ಎದ್ದನೆಂಬಂತೆ ಉರ್ಸುಲಾ ಅವರನ್ನು ನೋಡಿದಳು. ಆಕೆಯ ಮುಖದಲ್ಲಿ ಈವರೆಗೆ ಇಲ್ಲದ ಒಂದು ಜೀವ ಬಂತು. ಎದ್ದು, ಕುಂಟುತ್ತ ಹೋಗಿ, ಎರಡೂ ಕೈಯಿಂದ ಚಾಮರಾಜರ ಮುಖ ಹಿಡಿದು, ಅಪ್ಪಿಕೊಂಡಳು. ಚಾಮರಾಜರು ಕಣ್ಣು ದೊಡ್ಡದು ಮಾಡಿದರು. ಆದರೆ ಅತಿಥಿಯನ್ನು ಸಭೆಯೆದುರು ತಿದ್ದುವುದು ನಮ್ಮ ಸಂಸ್ಕೃತಿಯಲ್ಲ. ಅವರು ಅಪ್ಪುಗೆಯನ್ನು ಬಳಗದ ಪರವಾಗಿ ಸ್ವೀಕರಿಸಿದರು. ಉರ್ಸುಲಾ ಅವರ ಕೈ ಬಿಡದೆ ಮೈಕಿನ ಬಳಿ ಬಂದು ಇಂಗ್ಲಿಷಿನಲ್ಲಿ ಮಾತಾಡತೊಡಗಿದಳು. ಒಂದೊಂದು ವಾಕ್ಯಕ್ಕೂ ನಿಲ್ಲಬೇಕೆಂದು ಮೊದಲೇ ಹೇಳಿದ್ದರು. ನಿಂತಾಗಲೆಲ್ಲ ಆಸ್ವಾಲ್ಡ್ ಕನ್ನಡದಲ್ಲಿ ಹೇಳಿದ.

"ಇಡೀ ಬದುಕು ಸುಳ್ಳು ಹೆಣಗಳಿಗೆ ಅತ್ತಿದ್ದೇನೆ ಎನ್ನುತ್ತಾರೆ ಮೇಡಂ," ಎಂದು ಹೇಳಿದ. "ಯಾವ ಹೆಣದ ನೆನಪೂ ಇಲ್ಲ ಎನ್ನುತ್ತಾರೆ. ಇವರೊಬ್ಬರನ್ನು ಬಿಟ್ಟು."

ಎಲ್ಲರೂ ಚಾಮರಾಜರನ್ನು ನೋಡಿದರು. ಸಭೆಯಲ್ಲಿ ಅರ್ಧಕ್ಕರ್ಧ ಜನಕ್ಕೆ ನಡೆಯುತ್ತಿರುವುದು ಏನೆಂದು ಗೊತ್ತಿತ್ತು. ಪಿಕ್ನಿಕ್ಕಿನ ಬಸ್ಸಿನಲ್ಲಿ ಅವರೂ ಇದ್ದರು. ಯಾರೂ ಏಳಲಿಲ್ಲ. ಇದು ಹೇಗೆ ಮುಗಿಯುತ್ತದೆಂದು ನೋಡುವ ಆಸೆ ಎಲ್ಲರಿಗೂ ಇತ್ತು. ಉರ್ಸುಲಾ ಹೇಳುತ್ತ ಹೋದಳು. ಆ ದಿನ ಬೆಳಿಗ್ಗೆಯೇ ಆಕೆಗೆ ಊರಿನಿಂದ ಫೋನು ಬಂದಿತ್ತಂತೆ, ತಾಯಿ ತೀರಿಕೊಂಡಿದ್ದಳಂತೆ. ತಂಡಕ್ಕೆ ಹೇಳಿದರೆ ಕೆಲಸ ನಿಲ್ಲುತ್ತದೆಂದು ಹೇಳಲಿಲ್ಲ. ತಾಯಿಗೆ ಅಳಬೇಕಾದದ್ದನ್ನೆಲ್ಲ ಆ ಅಡುಗೆಮನೆಯಲ್ಲಿ ಒಬ್ಬ ವೇಟರನ ಮೇಲೆ ಅತ್ತಳು. ಅವನು ಅಲ್ಲಾಡಲಿಲ್ಲ. ಅಷ್ಟು ತಾಳ್ಮೆಯಿಂದ ತನ್ನ ದುಃಖವನ್ನು ಹೊತ್ತವರು ಬೇರೆ ಯಾರೂ ಇಲ್ಲ. ಬಿಡುವಿನಲ್ಲಿ ಹೆಸರು ಕೇಳಿದರೆ ಅವನು ಕಣ್ಣು ಸಹ ತೆರೆಯಲಿಲ್ಲ. ಇಷ್ಟು ವರ್ಷ ಆ ಹೆಸರು ಗೊತ್ತಿಲ್ಲದೆ ಇದ್ದೆ, ಇವತ್ತು ಗೊತ್ತಾಯಿತು ಎಂದು ಹೇಳಿ, ಕಷ್ಟಪಟ್ಟು, ಒಂದೊಂದೇ ಅಕ್ಷರ ಬಿಡಿಸಿ ಚಾಮರಾಜ ಎಂದಳು.

ಆಸ್ವಾಲ್ಡ್ ಅಷ್ಟನ್ನೂ ಹೇಳಿದ. ತಾಯಿ ಸತ್ತದ್ದನ್ನು ಹೇಳಿದ, ಅಡುಗೆಮನೆಯನ್ನು ಹೇಳಿದ, ತಾಳ್ಮೆಯನ್ನು ಹೇಳಿದ. ತನ್ನ ಮೇಲೆ ಬಿದ್ದದ್ದು ನಿಜವಾದ ಕಣ್ಣೀರೆಂದು ಅವನಿಗೆ ಈಗ ತಿಳಿಯುತ್ತಿತ್ತು, ಅದನ್ನು ತಾನೇ ಬಾಯಿಬಿಟ್ಟು ಇನ್ನೊಬ್ಬನ ಹೆಸರಿಗೆ ಬರೆದುಕೊಡುತ್ತಿದ್ದ. ದನಿ ಒಡೆಯದಂತೆ ನೋಡಿಕೊಂಡ. ಕೊನೆಯ ವಾಕ್ಯಕ್ಕೆ ಬಂದು, "ಅವರ ಹೆಸರು ಇವತ್ತು ಗೊತ್ತಾಯಿತಂತೆ, ಚಾಮರಾಜ," ಎಂದ. ಚಾಮರಾಜರು ನೆಲ ನೋಡುತ್ತಿದ್ದರು. ಅವರ ಕಿವಿ ಕೆಂಪಾಗಿತ್ತು, ಆದರೆ ಕೈ ಉರ್ಸುಲಾಳ ಕೈಯಲ್ಲೇ ಇತ್ತು. ಸಭೆ ಸಿಕ್ಕಾಪಟ್ಟೆ ಚಪ್ಪಾಳೆ ತಟ್ಟಿತು. ಆಸ್ವಾಲ್ಡ್ ಹಾಳೆ ಮಡಚಿ ಇಳಿಯಲು ತಿರುಗಿದ. ಆಗ ಉರ್ಸುಲಾ ಅವನ ತೋಳು ಮುಟ್ಟಿ ತಡೆದಳು. ಇಷ್ಟು ಹೊತ್ತು ತನಗಾಗಿ ಮಾತಾಡಿದವನನ್ನು ಮರೆಯಬಾರದೆಂಬ ಸೌಜನ್ಯ ಆಕೆಗಿತ್ತು. ಮೈಕಿನಲ್ಲಿಯೇ, ಸಭೆಗೆಲ್ಲ ಕೇಳುವಂತೆ, ಅಂದಿನ ಅದೇ ಮೆಲ್ಲನೆಯ ದನಿಯಲ್ಲಿ ಕೇಳಿದಳು, ನಿನ್ನ ಹೆಸರೇನು ಎಂದು.

ಸಕೀನ ಟೀಚರು ತಮ್ಮ ಜಾಗದಿಂದ ಅರ್ಧ ಎದ್ದರು, ಹೇಳಿಬಿಡಿ ಎಂಬಂತೆ. ಹೆಸರೊಂದನ್ನು ಹೇಳಿದರೆ ಸಾಕಿತ್ತು. ಮೈಕು ಬಾಯೆದುರೇ ಇತ್ತು, ಆಕೆ ಅವನ ತೆರೆದ ಕಣ್ಣನ್ನೇ ನೋಡುತ್ತಿದ್ದಳು, ಕ್ಯಾಮರಾ ಎಲ್ಲಿಯೂ ಓಡುತ್ತಿರಲಿಲ್ಲ. ಆಸ್ವಾಲ್ಡ್ ಸಭೆಯ ಕಡೆಗೆ ತಿರುಗಿದ.

"ನಿಮ್ಮ ಹೆಸರೇನು ಎಂದು ಮೇಡಂ ಕೇಳುತ್ತಿದ್ದಾರೆ," ಎಂದ.

ನಗು ಹಿಂದಿನ ಸಾಲಿನಿಂದ ಶುರುವಾಗಿ ಮುಂದಕ್ಕೆ ಉರುಳಿಬಂತು. ಅವನು ಬೇಕೆಂದೇ ತಮಾಷೆ ಮಾಡಿದನೆಂದು ತಿಳಿದವರು ಹೆಚ್ಚು, ಎಂಥ ಸಮಯಪ್ರಜ್ಞೆ ಎಂದು ಪಕ್ಕದವರ ತೊಡೆ ತಟ್ಟಿದರು. ಮೆಲಿಸ್ಸಾ ಕೂಡ ಕಿವಿಯ ವೈರು ಕಿತ್ತು ನಕ್ಕಳು. ಉರ್ಸುಲಾ ಏನೂ ಅರ್ಥವಾಗದಿದ್ದರೂ ಜನ ನಕ್ಕರೆಂದು ನಕ್ಕಳು, ಉತ್ತರಕ್ಕೆ ಕಾಯುವುದನ್ನು ಮರೆತಳು. ಚಪ್ಪಾಳೆ ಬಿತ್ತು, ಚಾಮರಾಜರು ಎದೆಗೆ ಕೈಯಿಟ್ಟು ತಲೆಬಾಗಿದರು. ಆಸ್ವಾಲ್ಡ್ ಮೆಟ್ಟಿಲಿಳಿಯುತ್ತ ಮೂರನೆಯ ಸಾಲಿನ ಕಡೆ ನೋಡಿದ. ಅಲ್ಲಿ ಒಬ್ಬಳು ಮಾತ್ರ ನಗುತ್ತಿರಲಿಲ್ಲ. ಮಗ್ದಲೀನ್ ಅವನ ಎಡಗಾಲಿನ ಶೂಸನ್ನೇ ನೋಡುತ್ತ, ಸೆರಗಿನಿಂದ ಬಾಯಿ ಮುಚ್ಚಿಕೊಂಡು ಅಳುತ್ತಿದ್ದಳು.